ಹೂಕಿರೀಟದ ಹೆಸರು ‘ಹಾಕು’ ಅಲ್ಲ

ಪ್ರಶ್ನೆ: ಏಪ್ರಿಲ್ ಕೊನೆಯ ವಾರ ಹವಾಯಿಗೆ ಹೋಗುತ್ತಿದ್ದೇವೆ. ಅಲ್ಲಿನವರು ತಲೆಗೆ ಧರಿಸುವ ಹೂಕಿರೀಟ ‘ಹಾಕು’ ಇದೆಯಲ್ಲ, ಅದನ್ನು ಹೆಣೆಯುವುದನ್ನು ಪ್ರವಾಸಿಗರಿಗೂ ಕಲಿಸುತ್ತಾರೆಯೇ? ನನಗೆ ಚಿಕ್ಕಂದಿನಿಂದ ಹೂ ಕಟ್ಟಿ ರೂಢಿಯಿದೆ. ಒಂದು ದಿನದಲ್ಲಿ ಬಂದೀತೇ?

ಕಲಿಸುತ್ತಾರೆ. ಒಂದು ಮಧ್ಯಾಹ್ನ ಕೂತರೆ ನಿಮ್ಮ ತಲೆಗೆ ನೀವೇ ಇಟ್ಟುಕೊಳ್ಳುವಷ್ಟು ಬರುತ್ತದೆ. ಇನ್ನೊಬ್ಬರ ತಲೆಗೆ ಇಡುವ ಧೈರ್ಯ ಬರಬೇಕಾದರೆ ಹತ್ತಾದರೂ ಕಟ್ಟಿ ಬಿಚ್ಚಬೇಕು. ಹೂ ಕಟ್ಟಿ ಪಳಗಿದ ಕೈಗೆ ಮೊದಲ ಅರ್ಧ ಗಂಟೆ ಉಳಿದವರಿಗಿಂತ ಹೆಚ್ಚೇ ತೊಡಕು. ಕಾರಣವನ್ನು ಮುಂದೆ ಹೇಳುತ್ತೇನೆ.

ಉತ್ತರವನ್ನು ಇಲ್ಲಿಗೇ ನಿಲ್ಲಿಸಬಹುದಿತ್ತು. ಆದರೆ ಪ್ರಶ್ನೆಯ ನಡುವೆ ಆ ಪದ ಕಾಲು ಚಾಚಿ ಕೂತಿದೆ. ಈ ಪ್ರಶ್ನೆ ನನಗೆ ಎಷ್ಟು ಸಲ ಬಂದಿದೆಯೋ ಅಷ್ಟು ಸಲವೂ ಕಿರೀಟದ ಹೆಸರು ‘ಹಾಕು’ ಎಂದೇ ಇತ್ತು. ಅದರ ಬೆನ್ನಿಗೆ ಇನ್ನೊಂದು ಸಾಲು ಬರುತ್ತದೆ: ‘ಹಾರ ಹಾಕು ಎನ್ನುತ್ತೇವಲ್ಲ, ಅದೇ ಪದ ಅಲ್ಲಿಗೂ ಹೋಗಿರಬಹುದೇ?’ ಒಬ್ಬ ಹಿರಿಯರಂತೂ ಕನ್ನಡದ ನಾವಿಕರು ಶಾಂತಸಾಗರ ದಾಟಿದ ಕಥೆಯನ್ನು ಎರಡು ಪುಟ ಬರೆದು ಕಳಿಸಿದ್ದರು. ಅಕ್ಷರ ಮುತ್ತಿನಂತಿತ್ತು. ಕಥೆ ಮಾತ್ರ ಪೂರ್ತಿ ಸುಳ್ಳು.

ಮೊದಲನೆಯದಾಗಿ, ಅದು ‘ಹಾಕು’ ಅಲ್ಲ, ‘ಹಕು’. ಮೊದಲ ಅಕ್ಷರ ಹ್ರಸ್ವ. ಹವಾಯಿಯನ್ ಭಾಷೆಯಲ್ಲಿ ದೀರ್ಘ ಸ್ವರದ ಮೇಲೆ ಒಂದು ಗೆರೆ ಎಳೆಯುತ್ತಾರೆ, ಈ ಪದದ ಮೇಲೆ ಗೆರೆಯಿಲ್ಲ. ಇಂಗ್ಲಿಷ್ ಅಕ್ಷರದಲ್ಲಿ ಓದಿ ನಾವೇ ಕಾಲೆಳೆದು ಉದ್ದ ಮಾಡಿಕೊಂಡಿದ್ದೇವೆ.

ಎರಡನೆಯದಾಗಿ, ಎರಡೂ ಪದಗಳ ಹುಟ್ಟೂರು ಬೇರೆ. ನಮ್ಮ ‘ಹಾಕು’ ನಡುಗನ್ನಡದಲ್ಲಿ ‘ಹಾಯ್ಕು’ ಆಗಿತ್ತು. ಅದಕ್ಕೂ ಹಿಂದಕ್ಕೆ ಹೋದರೆ ಹಾಲು ‘ಪಾಲ್’ ಆಗಿದ್ದಂತೆ ಇದೂ ಪಕಾರದ ಪದ. ಹವಾಯಿಯವರ ‘ಹಕು’ ಪಾಲಿನೇಷ್ಯದ ಮೂಲಭಾಷೆಯಲ್ಲಿ ‘ಫತು’ ಆಗಿತ್ತು. ಸಮೋವಾದವರು ಇವತ್ತಿಗೂ ‘ಫತು’ ಎನ್ನುತ್ತಾರೆ, ನ್ಯೂಜಿಲೆಂಡಿನ ಮಾವೋರಿಗಳು ನೇಯುವುದಕ್ಕೆ ‘ಫತು’ ಎನ್ನುತ್ತಾರೆ. ಹವಾಯಿಯಲ್ಲಿ ಫಕಾರ ಹಕಾರವಾಯಿತು, ತಕಾರ ಕಕಾರವಾಯಿತು. ಒಂದು ಪದ ಪಕಾರದಿಂದ ಹೊರಟಿತು, ಇನ್ನೊಂದು ಫತುವಿನಿಂದ. ಸಾವಿರಾರು ಮೈಲಿ ದೂರದಲ್ಲಿ, ಒಂದನ್ನೊಂದು ನೋಡದೆಯೇ, ಎರಡೂ ಒಂದೇ ಥರ ಕಾಣುವ ಅಂಗಿ ತೊಟ್ಟು ನಿಂತಿವೆ. ಬಸ್ ನಿಲ್ದಾಣದಲ್ಲಿ ಒಂದೇ ಬಣ್ಣದ ಅಂಗಿ ತೊಟ್ಟ ಇಬ್ಬರನ್ನು ನಾವು ಅಣ್ಣತಮ್ಮಂದಿರು ಎನ್ನುವುದಿಲ್ಲ.

ಮೂರನೆಯದು, ನನ್ನ ತಾಳ್ಮೆ ಕೆಡಿಸುವಂಥದ್ದು. ‘ಹಕು’ ಕಿರೀಟದ ಹೆಸರೇ ಅಲ್ಲ, ಅದು ಮಾಡುವ ಕೆಲಸದ ಹೆಸರು. ತಲೆಗೆ ಧರಿಸುವ ಮಾಲೆಗೆ ಅವರು ‘ಲೇಯ್ ಪೊ-ಒ’ ಎನ್ನುತ್ತಾರೆ. ಲೇಯ್ ಎಂದರೆ ಮಾಲೆ, ಪೊ-ಒ ಎಂದರೆ ತಲೆ. ನಡುವಿನ ಗೆರೆಯ ಜಾಗದಲ್ಲಿ ಗಂಟಲು ಒಂದು ಕ್ಷಣ ಹಿಡಿದು ಬಿಡಬೇಕು. ಆ ಹಿಡಿತವೂ ಅವರಿಗೆ ಒಂದು ವ್ಯಂಜನ, ಒಟ್ಟು ಇರುವ ಎಂಟೇ ವ್ಯಂಜನಗಳಲ್ಲಿ ಒಂದು. ಎರಡು ಸ್ವರ ಎದುರಾದರೆ ಸಂಧಿ ಮಾಡಿಬಿಡುವ ಕನ್ನಡದ ಚಾಳಿಯನ್ನು ಅಲ್ಲಿ ಸ್ವಲ್ಪ ಬಿಗಿಹಿಡಿಯಿರಿ.

ಮಾಲೆಯನ್ನು ಕೆಲಸದ ಹೆಸರಿನಿಂದ ಕರೆದರೆ ಏನಾಗುತ್ತದೆ? ಹೊರದೇಶದವನೊಬ್ಬ ಗಾಂಧಿ ಬಜಾರಿಗೆ ಬಂದು ಹೂವಾಡಗಿತ್ತಿಯ ಮುಂದೆ ನಿಂತು ‘ಅಮ್ಮಾ, ಒಂದು ಪೋಣಿಸು ಕೊಡಿ’ ಎಂದು ಕೇಳಿದಂತಾಗುತ್ತದೆ. ಆಕೆ ನಕ್ಕು ಕೊಟ್ಟಾಳು. ಹವಾಯಿಯ ಸಂತೆಯಲ್ಲೂ ನಕ್ಕು ಕೊಡುತ್ತಾರೆ. ನಿಜ ಹೇಳಬೇಕೆಂದರೆ ಅಲ್ಲಿನ ಮಾರಾಟಗಾರರ ಬಾಯಲ್ಲೂ ಈಗ ‘ಹಕು’ ಎಂದೇ ಬರುತ್ತದೆ, ನೀವೂ ಹಾಗೆಂದರೆ ವ್ಯಾಪಾರ ಕೆಡುವುದಿಲ್ಲ. ಕಲಿಯಲು ಕೂತಾಗ ಮಾತ್ರ ಪದ ತೊಡಕಾಗುತ್ತದೆ, ಏಕೆಂದರೆ ಮಾಲೆ ಮಾಡುವ ದಾರಿಗಳು ಹಲವಿವೆ, ಹಕು ಅವುಗಳಲ್ಲಿ ಒಂದು. ‘ಕುಇ’ ಎಂದರೆ ಸೂಜಿಯಿಂದ ಪೋಣಿಸುವುದು. ‘ಹಿಲಿ’ ಒಂದೇ ಸಸ್ಯವನ್ನು ಜಡೆಯಂತೆ ಹೆಣೆಯುವುದು, ‘ಹಿಲೊ’ ಎರಡು ಎಳೆ ಹೊಸೆಯುವುದು, ‘ಕೀಪು-ಉ’ ತೊಟ್ಟಿಗೆ ತೊಟ್ಟು ಗಂಟು ಹಾಕುವುದು. ‘ಹುಮು’ ಪಟ್ಟಿಯೊಂದರ ಮೇಲೆ ಹೊಲಿಯುವುದು, ಮದುಮಗಳ ಮೊಗ್ಗಿನ ಜಡೆ ಹೊಲಿಯುತ್ತೇವಲ್ಲ, ಹಾಗೆ. ‘ವಿಲಿ’ ಎಂದರೆ ಸುತ್ತುವುದು. ಮೂರು ಎಳೆಯ ಜಡೆ ಹೆಣೆಯುತ್ತಾ ಪ್ರತಿ ಮಡಿಕೆಗೂ ಒಂದು ಹೂವಿನ ತೊಟ್ಟು ಸೇರಿಸುತ್ತಾ ಹೋದರೆ ಮಾತ್ರ ಅದು ಹಕು.

ಪ್ರವಾಸಿಗರಿಗೆ ಕಲಿಸುವ, ಅಂಗಡಿಯಲ್ಲಿ ‘ಹಕು’ ಎಂದು ಮಾರುವ ಕಿರೀಟಗಳಲ್ಲಿ ಹೆಚ್ಚಿನವು ವಿಲಿ! ಹೆಣೆದದ್ದಲ್ಲ, ಸುತ್ತಿದ್ದು. ಹೆಸರೂ ತಪ್ಪು, ಕೆಲಸವೂ ಬೇರೆ.

ಇಷ್ಟು ಬೈದ ಮೇಲೆ ಒಂದು ಸಿಹಿ ಸುದ್ದಿ. ಹಕು ಎಂಬ ಕ್ರಿಯೆ ಹೂವಿಗೆ ಮಾತ್ರ ಮೀಸಲಲ್ಲ, ಹಾಡು ರಚಿಸುವುದಕ್ಕೂ ಅವರು ಅದೇ ಪದ ಬಳಸುತ್ತಾರೆ. ‘ಹಕು ಮೆಲೆ’ ಎಂದರೆ ಹಾಡು ಕಟ್ಟುವುದು. ನಾವೂ ಹೂ ಕಟ್ಟುತ್ತೇವೆ, ಪದ ಕಟ್ಟುತ್ತೇವೆ. ಕನ್ನಡದೊಂದಿಗೆ ಸಾಮ್ಯ ಹುಡುಕಲೇಬೇಕೆಂದಿದ್ದರೆ ಇಲ್ಲಿ ಹುಡುಕಬೇಕಿತ್ತು.

ಈಗ ಕೆಲಸಕ್ಕೆ ಬರೋಣ. ನಾನು ಕಲಿತದ್ದೂ ವಿಲಿಯೇ, ಹವಾಯಿಯಲ್ಲಿ ‘ದೊಡ್ಡ ದ್ವೀಪ’ ಎಂದೇ ಕರೆಯುವ ದ್ವೀಪದ ಹಿಲೊ ಊರಿನಲ್ಲಿ, ಒಬ್ಬ ಅಜ್ಜಿಯ ಜಗಲಿಯಲ್ಲಿ. ಹೊರಗೆ ಮಳೆ. ಹಿಲೊದಲ್ಲಿ ಮಳೆ ಇಲ್ಲದ ದಿನ ಹುಡುಕಬೇಕು, ಆಗುಂಬೆಯ ಕಡೆಯವರಿಗೆ ಮನೆಯಂತೆ ಅನ್ನಿಸುತ್ತದೆ. ಮೊದಲು ಆಕೆ ಕೊಟ್ಟದ್ದು ‘ಟೀ’ ಎಲೆ. ಚಹಾ ಅಲ್ಲ. ಬೆಂಗಳೂರಿನ ಕಾಂಪೌಂಡುಗಳಲ್ಲಿ ಕೆಂಪು ಬಣ್ಣದ್ದನ್ನು ಅಲಂಕಾರಕ್ಕೆ ನೆಡುತ್ತೇವಲ್ಲ, ಆ ಕಾರ್ಡಿಲೈನ್ ಗಿಡದ್ದೇ ಹಸಿರು ಎಲೆ. ನಡುವಿನ ದಿಂಡನ್ನು ಸೀಳಿ ತೆಗೆದು, ಎಲೆಯನ್ನು ಹಿಂದಿನ ರಾತ್ರಿ ಫ್ರೀಜರಿನಲ್ಲಿಟ್ಟು ಕರಗಿಸಿದ್ದರು. ಆಗ ಅದು ಬಾಡಿಸಿದ ಬಾಳೆಲೆಗಿಂತ ಮೆತ್ತಗೆ, ಚರ್ಮದ ಪಟ್ಟಿಯಂತೆ ಬಗ್ಗುತ್ತದೆ. ಅದೇ ಕಿರೀಟದ ಬೆನ್ನೆಲುಬು. ತಲೆಯ ಸುತ್ತಳತೆ ಸುಮಾರು ಇಪ್ಪತ್ತೆರಡು ಅಂಗುಲ, ಹಿಂದೆ ಗಂಟು ಹಾಕಲು ಎರಡು ಬದಿಗೂ ಒಂದೊಂದು ಗೇಣು ಬಾಲ.

ಸುತ್ತುವುದಕ್ಕೆ ರಾಫಿಯಾ ಎಂಬ ತಾಳೆಜಾತಿಯ ಮರದ ನಾರು. ನೀರಿನಲ್ಲಿ ನೆನೆಸಿರಬೇಕು. ಪಲಪಲೈ ಎಂಬ ಜರಿಗಿಡದ ಎರಡು ತುಂಡನ್ನು ಬೆನ್ನೆಲುಬಿನ ಮೇಲಿಟ್ಟು ನಾರನ್ನು ಎರಡು ಸುತ್ತು ಬಿಗಿಯಾಗಿ ಎಳೆಯಬೇಕು. ಅದರ ತೊಟ್ಟು ಮುಚ್ಚುವಂತೆ ಒಂದು ಹೂ ಇಟ್ಟು ಮತ್ತೆ ಎರಡು ಸುತ್ತು. ಮತ್ತೆ ಜರಿ, ಮತ್ತೆ ಹೂ. ಹಿಂದಿನದರ ತೊಟ್ಟನ್ನು ಮುಂದಿನದರ ತಲೆ ಮುಚ್ಚುತ್ತಾ ಹೋಗುತ್ತದೆ, ಮನೆಯ ಹೆಂಚಿನ ಸಾಲಿನಂತೆ. ಕೊನೆಯವರೆಗೂ ಗಂಟು ಹಾಕುವಂತಿಲ್ಲ.

ನಮ್ಮ ಕೈ ಎಡವುವುದು ಇಲ್ಲಿಯೇ. ನಾವು ಬಾಳೆನಾರಿನಲ್ಲಿ ಮಲ್ಲಿಗೆ ಕಟ್ಟುವಾಗ ಪ್ರತಿ ಜೋಡಿ ಮೊಗ್ಗಿಗೂ ಒಂದು ಕುಣಿಕೆ ಹಾಕಿ ಎಳೆಯುತ್ತೇವೆ. ಬೆರಳಿಗೆ ಅದು ಉಸಿರಾಟದಷ್ಟು ರೂಢಿ. ನನ್ನ ಬೆರಳೂ ತಾನಾಗಿಯೇ ಕುಣಿಕೆ ಹಾಕುತ್ತಿತ್ತು. ಅಜ್ಜಿ ಮಾತಿಲ್ಲದೆ ನನ್ನ ಕೈಯಿಂದ ಮಾಲೆ ತೆಗೆದುಕೊಂಡು ಬಿಚ್ಚುತ್ತಿದ್ದರು. ಮೂರು ಸಲ ಬಿಚ್ಚಿದರು. ಕುಣಿಕೆ ಬಿದ್ದ ಜಾಗದಲ್ಲಿ ಕಿರೀಟ ಬಗ್ಗುವುದಿಲ್ಲ, ಹಣೆಯ ಮೇಲೆ ಮೂಲೆ ಮೂಲೆಯಾಗಿ ನಿಲ್ಲುತ್ತದೆ. ನಾಲ್ಕನೆಯ ಸಲ ಎಡಗೈ ಹೆಬ್ಬೆರಳಿನಿಂದ ಒತ್ತಿಹಿಡಿದು ಬಲಗೈಯಿಂದ ಸುತ್ತುವುದಷ್ಟೇ ಕೆಲಸ ಎಂದು ಬೆರಳಿಗೆ ತಿಳಿಯಿತು. ಆಮೇಲೆ ನಮ್ಮ ರೂಢಿ ಕೈಹಿಡಿಯುತ್ತದೆ. ತೊಟ್ಟು ನಲುಗದಂತೆ ಹಿಡಿಯುವುದು, ಮೊಗ್ಗಿನ ಗಾತ್ರ ನೋಡಿ ಜೋಡಿಸುವುದು, ಇವನ್ನು ಯಾರೂ ಹೊಸದಾಗಿ ಕಲಿಸಬೇಕಾಗಿಲ್ಲ.

ಎಲ್ಲಿ ಕಲಿಯುವುದು ಎಂಬುದಕ್ಕೆ ಉದ್ದ ಉತ್ತರ ಬೇಡ. ಹೋಟೆಲುಗಳಲ್ಲಿ ಒಂದು ಗಂಟೆಯ ತರಗತಿ ಇರುತ್ತದೆ, ಬೆನ್ನೆಲುಬು ಸಿದ್ಧ ಮಾಡಿ ಕೊಡುತ್ತಾರೆ, ಮಕ್ಕಳಿಗೆ ಸಾಕು. ನೀವು ಏಪ್ರಿಲ್ ಕೊನೆಗೆ ಹೋಗುತ್ತಿರುವುದರಿಂದ ಮೇ 1ರವರೆಗೆ ಉಳಿದುಕೊಳ್ಳಿ. 1928ರಿಂದ ಆ ದಿನ ಅಲ್ಲಿ ಮಾಲೆಯ ಹಬ್ಬ. ಹೊನೊಲುಲುವಿನ ಕಪಿಒಲಾನಿ ಪಾರ್ಕಿನಲ್ಲಿ ಸ್ಪರ್ಧೆಯ ಮಾಲೆಗಳನ್ನು ಸಾಲಾಗಿ ಇಟ್ಟಿರುತ್ತಾರೆ. ಹಕು ಯಾವುದು, ವಿಲಿ ಯಾವುದು ಎಂದು ಹತ್ತಿರ ನಿಂತು ನೋಡಬಹುದು. ನಿಮ್ಮವರನ್ನೂ ಕರೆದೊಯ್ಯಿರಿ. ಗಂಡಸರು ತಲೆಗೆ ಹೂ ಇಡುವುದಕ್ಕೆ ಅಲ್ಲಿ ಯಾರೂ ತಿರುಗಿ ನೋಡುವುದಿಲ್ಲ, ದನ ಕಾಯುವ ಸವಾರರ ಟೋಪಿಗೂ ಹೂಮಾಲೆ ಇರುತ್ತದೆ.

ಕಾಡಿಗೆ ನುಗ್ಗಿ ಹೂ ಕೀಳಬೇಡಿ. ಅದರಲ್ಲೂ ಕೆಂಪು ಕುಚ್ಚಿನಂಥ ಓಹಿಅ ಲೆಹುಅ ಹೂವನ್ನು. ಅದನ್ನು ಕಿತ್ತರೆ ಮಳೆ ಬರುತ್ತದೆ ಎಂಬುದು ಅವರ ಹಳೆಯ ನಂಬಿಕೆ, ಈಗ ಬರುವುದು ಮಳೆಗಿಂತ ಕೆಟ್ಟದ್ದು. ಆ ಮರಕ್ಕೆ ಸೆರಾಟೊಸಿಸ್ಟಿಸ್ ಎಂಬ ಶಿಲೀಂಧ್ರ ತಗಲಿ ಒಣಗುತ್ತಿದೆ ಎಂದು 2014ರಲ್ಲಿ ಗುರುತಿಸಿದರು. ಗಾಯವಾದ ಜಾಗದಿಂದ ಅದು ಒಳಗೆ ಇಳಿಯುತ್ತದೆ, ರೆಂಬೆ ಮುರಿದದ್ದೂ ಗಾಯವೇ. ದೊಡ್ಡ ದ್ವೀಪದಿಂದ ಆ ಹೂವನ್ನು ಬೇರೆ ದ್ವೀಪಕ್ಕೆ ಅನುಮತಿಯಿಲ್ಲದೆ ಒಯ್ಯುವಂತಿಲ್ಲ. ಕಾಡಿನ ದಾರಿಗಳಲ್ಲಿ ಬೂಟು ಉಜ್ಜಲು ಬ್ರಷ್ ಇಟ್ಟಿರುತ್ತಾರೆ, ಉಜ್ಜಿಕೊಂಡು ಹೋಗಿ.

ಕಿರೀಟ ಬಾಡಿದ ಮೇಲೆ ಹೋಟೆಲಿನ ಕಸದ ಬುಟ್ಟಿಗೆ ಹಾಕಬೇಡಿ. ನಾರು ಬಿಚ್ಚಿ, ಹೂ ಮತ್ತು ಎಲೆಯನ್ನು ಮರದ ಬುಡಕ್ಕೆ ಹಾಕಬೇಕು. ನಿರ್ಮಾಲ್ಯವನ್ನು ತುಳಿಯದ ಜಾಗಕ್ಕೆ ಹಾಕುವ ಮನೆಯಲ್ಲಿ ಬೆಳೆದವರಿಗೆ ಇದನ್ನು ವಿವರಿಸುವ ಅಗತ್ಯವಿಲ್ಲ.

ಯಾರೂ ಕೇಳಲಿಲ್ಲ, ಆದರೂ ಹೇಳಿಬಿಡುತ್ತೇನೆ. ಹೋದವರೆಲ್ಲ ಅಲ್ಲಿಂದ ಒಂದೇ ಬಗೆಯ ಗಾಬರಿಯಲ್ಲಿ ಫೋಟೊ ಕಳಿಸುತ್ತಾರೆ. ‘ಪಿಕಾಕೆ’ ಎಂದು ದುಬಾರಿ ಬೆಲೆಗೆ ಮಾರುವ ಮಾಲೆ ನಮ್ಮ ದುಂಡುಮಲ್ಲಿಗೆ. ರಾಜಕುಮಾರಿ ಕಯಿಉಲಾನಿಗೆ ನವಿಲೂ ಇಷ್ಟ, ಆ ಹೂವೂ ಇಷ್ಟ. ನವಿಲಿನ ಇಂಗ್ಲಿಷ್ ಹೆಸರು ಹವಾಯಿಯವರ ನಾಲಿಗೆಯಲ್ಲಿ ಪಿಕಾಕೆಯಾಗಿ ಹೂವಿಗೂ ಅಂಟಿಕೊಂಡಿತು. ಅಲ್ಲಿಯದೇ ಹೂ ಎಂದು ಎಲ್ಲರೂ ನಂಬಿರುವ ದೇವಕಣಗಿಲೆಯೂ ಹೊರಗಿನದು, ಹಿಲ್ಲೆಬ್ರಾಂಡ್ ಎಂಬ ಜರ್ಮನ್ ವೈದ್ಯ 1860ರಲ್ಲಿ ತಂದದ್ದು.

ಆದರೆ ಗಾಬರಿಯ ನಿಜವಾದ ಕಾರಣ ಎಕ್ಕ. ಹೌದು, ಎಕ್ಕದ ಹೂವೇ. ನಾವು ಹನುಮಂತನಿಗೆ ಹಾರ ಮಾಡಿ ಹಾಕುವ, ಬಿಳಿಯದಾದರೆ ಗಣಪತಿಗೆಂದು ಹುಡುಕುವ, ಮೂರನೆಯ ಮದುವೆಗೆ ಮುಂಚೆ ಗಂಡಿಗೆ ಗಿಡದೊಂದಿಗೇ ತಾಳಿಶಾಸ್ತ್ರ ಮುಗಿಸುವ ಅದೇ ಎಕ್ಕ. ಅಲ್ಲಿ ಅದಕ್ಕೆ ‘ಪುಅ ಕಲೌನು’ ಎಂದು ಹೆಸರು, ಕಿರೀಟದ ಹೂ. ಐದು ದಳಗಳನ್ನು ಕಿತ್ತು, ನಡುವಿನ ಪುಟ್ಟ ಮೇಣದಂಥ ಕಿರೀಟವನ್ನು ಮಾತ್ರ ಪೋಣಿಸಿ ಮಾಲೆ ಮಾಡುತ್ತಾರೆ. ನೋಡಿದರೆ ದಂತದ ಕೆತ್ತನೆಯೆಂದೇ ಅನ್ನಿಸುತ್ತದೆ. ಹವಾಯಿಯ ಕೊನೆಯ ರಾಣಿ ಲಿಲಿಉಒಕಲಾನಿಗೆ ಪ್ರಿಯವಾದ ಹೂ ಅದು. 1893ರಲ್ಲಿ ಸಿಂಹಾಸನ ಕಸಿದುಕೊಂಡು, ಎರಡು ವರ್ಷದ ನಂತರ ಆಕೆಯನ್ನು ಅರಮನೆಯಲ್ಲಿಯೇ ಸೆರೆಯಿಟ್ಟರು. ನೂರಕ್ಕೂ ಹೆಚ್ಚು ಹಾಡು ಕಟ್ಟಿದವಳು, ಅಂದರೆ ಅವರ ಭಾಷೆಯಲ್ಲಿ ಹಕು ಮಾಡಿದವಳು.

ಆದ್ದರಿಂದ ಯಾರಾದರೂ ಪ್ರೀತಿಯಿಂದ ಎಕ್ಕದ ಮಾಲೆ ತಂದು ಕೊರಳಿಗೆ ಹಾಕಿದರೆ ಶನಿವಾರ ನೆನೆಸಿಕೊಂಡು ಹಿಂದೆ ಸರಿಯಬೇಡಿ, ತಲೆ ಬಗ್ಗಿಸಿ ಹಾಕಿಸಿಕೊಳ್ಳಿ. ನೀವೇ ದಳ ಕಿತ್ತು ಪೋಣಿಸಲು ಕೂತರೆ ಮಾತ್ರ ಊರಿನಲ್ಲಿ ಅಜ್ಜಿ ಹೇಳಿದ್ದು ನೆನಪಿರಲಿ: ಅದರ ಹಾಲು ಅಲ್ಲೂ ಅಷ್ಟೇ ಉರಿ, ಕೈ ತೊಳೆಯುವ ಮುಂಚೆ ಕಣ್ಣು ಮುಟ್ಟಿಕೊಳ್ಳಬೇಡಿ.