ಕನ್‌ಫಾರ್ಮ್: ಅರ್ಥ, ಬಳಕೆ, ಎಡವುವ ಜಾಗಗಳು

ಇಂಗ್ಲಿಷಿನ ‘ಕನ್‌ಫಾರ್ಮ್’ ಕ್ರಿಯಾಪದದ ಎದುರು ‘ಪಾಲಿಸು’ ಎಂದಷ್ಟೇ ಬರೆದುಕೊಂಡರೆ ಅರ್ಧ ದಾರಿಯಲ್ಲೇ ಸಿಕ್ಕಿಹಾಕಿಕೊಳ್ಳುತ್ತೇವೆ. ಬೋರ್‌ವೆಲ್ ನೀರು ಯಾವ ನಿಯಮವನ್ನೂ ಪಾಲಿಸುವುದಿಲ್ಲ, ಟಿಎಂಟಿ ಕಂಬಿ ಯಾರ ಮಾತನ್ನೂ ಕೇಳುವುದಿಲ್ಲ. ಆದರೂ ನೀರಿನ ಪರೀಕ್ಷಾ ವರದಿಯಲ್ಲೂ ಕಂಬಿಯ ಟೆಂಡರಿನಲ್ಲೂ ಈ ಕ್ರಿಯಾಪದ ಇದ್ದೇ ಇರುತ್ತದೆ. ಆದ್ದರಿಂದ ಪಾಲನೆಯನ್ನು ಸದ್ಯಕ್ಕೆ ಪಕ್ಕಕ್ಕಿಟ್ಟು ಹೊಂದಿಕೆಯಿಂದ ಶುರು ಮಾಡೋಣ.

ಲ್ಯಾಟಿನ್ನಿನಲ್ಲಿ ‘ಕಾನ್’ ಎಂದರೆ ಜೊತೆಗೆ, ‘ಫಾರ್ಮಾರೆ’ ಎಂದರೆ ರೂಪ ಕೊಡು. ಒಂದು ನಮೂನೆ ಮೊದಲೇ ಇದೆ. ಇನ್ನೊಂದು ವಸ್ತು, ನಡೆ ಅಥವಾ ವ್ಯಕ್ತಿ ಆ ನಮೂನೆಗೆ ಹೊಂದುತ್ತದೆ. ಕನ್‌ಫಾರ್ಮ್ ಹೇಳುವುದು ಇಷ್ಟೇ. ಹೊಂದಿದ್ದು ಬೇಕಂತಲೋ ತಾನಾಗಿಯೋ ಎಂಬುದು ಈ ಕ್ರಿಯಾಪದದ ಒಳಗಿಲ್ಲ, ಅದು ಸಂದರ್ಭದಿಂದ ಗೊತ್ತಾಗಬೇಕು. ಇದು ತಲೆಗೆ ಹೋದರೆ ಮುಂದಿನ ಬಹುಪಾಲು ಗೊಂದಲ ತಾನೇ ಕಳಚುತ್ತದೆ.

ಎದುರಿಗೆ ಏನಿದೆ ಎಂದು ಕೇಳಿಕೊಳ್ಳಿ

ಕನ್‌ಫಾರ್ಮ್, ಕಂಪ್ಲೈ, ಒಬೇ, ಅಬೈಡ್, ಅಡ್ಹಿಯರ್ ಈ ಐದೂ ಕನ್ನಡದಲ್ಲಿ ‘ಪಾಲಿಸು’ ಆಗಿಬಿಡುತ್ತವೆ. ಬೇರ್ಪಡಿಸಲು ಒಂದೇ ಪ್ರಶ್ನೆ ಸಾಕು: ಎದುರಿಗೆ ಇರುವುದು ಏನು? ಅಳತೆ, ಮಾನಕ (ಅಂದರೆ ಸ್ಟಾಂಡರ್ಡ್), ಮಾದರಿ, ರೂಢಿ ಇದ್ದರೆ ಕನ್‌ಫಾರ್ಮ್. ನೋಟಿಸು, ಷರತ್ತು, ಕೋರಿಕೆ, ಅಂದರೆ ‘ಹೀಗೆ ಮಾಡು’ ಎಂದು ಕೇಳುವ ಯಾವುದಾದರೂ ಇದ್ದರೆ ಕಂಪ್ಲೈ. ಆಜ್ಞೆ ಅಥವಾ ಆಜ್ಞೆ ಕೊಡುವವರೇ ಎದುರಿಗಿದ್ದರೆ ಒಬೇ. ತೀರ್ಪು, ಒಪ್ಪಂದ, ಮೊದಲೇ ಒಪ್ಪಿಕೊಂಡ ಕಟ್ಟಳೆ ಇದ್ದರೆ ಅಬೈಡ್ ಬೈ. ಯೋಜನೆ, ವೇಳಾಪಟ್ಟಿ, ಔಷಧಿಯ ಕ್ರಮದ ಹಾಗೆ ದಿನಗಟ್ಟಲೆ ಬಿಡದೆ ಹಿಡಿದುಕೊಂಡು ಹೋಗಬೇಕಾದ್ದಾದರೆ ಅಡ್ಹಿಯರ್ ಟು.

ಸಂವಿಧಾನದ ಮೂಲಭೂತ ಕರ್ತವ್ಯಗಳನ್ನು ನೋಡಿ. 1976ರ 42ನೇ ತಿದ್ದುಪಡಿಯಿಂದ ಬಂದ 51ಎ ವಿಧಿಯ ಮೊದಲ ಕರ್ತವ್ಯ ಇಂಗ್ಲಿಷಿನಲ್ಲಿ ‘ಟು ಅಬೈಡ್ ಬೈ ದ ಕಾನ್‌ಸ್ಟಿಟ್ಯೂಶನ್’ ಎಂದು ಶುರುವಾಗುತ್ತದೆ. ಅಲ್ಲಿ ‘ಕನ್‌ಫಾರ್ಮ್’ ಹಾಕಿದ್ದರೆ ನಾಗರಿಕನ ನಡೆ ಒಂದು ಅಚ್ಚಿಗೆ ಹೊಂದಿದೆ ಎಂದಷ್ಟೇ ಆಗುತ್ತಿತ್ತು. ‘ಅಬೈಡ್ ಬೈ’ ಎಂದದ್ದರಿಂದ ಒಪ್ಪಿಕೊಂಡದ್ದಕ್ಕೆ ನಿಷ್ಠನಾಗಿರು ಎಂಬ ಭಾವ ಬಂತು. ವಿಜಯನಗರದ ಕೋಚಿಂಗ್ ಕೇಂದ್ರಗಳಲ್ಲಿ ಕೆಎಎಸ್‌ಗೆ ಓದುತ್ತಿರುವವರು ಈ ಸಾಲನ್ನು ಹೇಗೂ ಬಾಯಿಪಾಠ ಮಾಡುತ್ತೀರಿ, ಜೊತೆಗೆ ‘ಬೈ’ಯನ್ನೂ ನೆನಪಿಡಿ. ಕಡ್ಡಾಯ ಇಂಗ್ಲಿಷ್ ಪತ್ರಿಕೆಯಲ್ಲಿ ಕೆಲಸಕ್ಕೆ ಬರುತ್ತದೆ.

ವಿಭಕ್ತಿಯಿಂದ ಬರುವ ತಪ್ಪು

ನಮ್ಮ ಪ್ರಿಪೊಸಿಷನ್ ತಪ್ಪುಗಳ ಬೇರು ಕನ್ನಡದ ವಿಭಕ್ತಿಯಲ್ಲಿದೆ. ‘ನಿಯಮವನ್ನು ಪಾಲಿಸಿದರು’ ಎನ್ನುವಾಗ ದ್ವಿತೀಯಾ. ಅದೇ ಗುಂಗಿನಲ್ಲಿ ಇಂಗ್ಲಿಷ್ ಬರೆದರೆ ‘ದೇ ಕಂಪ್ಲೈಡ್ ದ ರೂಲ್ಸ್’ ಎಂದು ‘ವಿತ್’ ಬಿಟ್ಟುಹೋಗುತ್ತದೆ. ‘ನಿಯಮಕ್ಕೆ ಬದ್ಧರಾದರು’ ಎನ್ನುವಾಗ ಚತುರ್ಥಿ. ಆ ‘ಕ್ಕೆ’ಯನ್ನು ‘ಟು’ ಮಾಡಿದರೆ ‘ಕಂಪ್ಲೈಡ್ ಟು ದ ರೂಲ್ಸ್’, ‘ಒಬೇಡ್ ಟು ದ ರೂಲ್ಸ್’ ಹುಟ್ಟುತ್ತವೆ. ಮೂರೂ ತಪ್ಪು. ಸರಿಯಾದವು: ಕಂಪ್ಲೈ ವಿತ್, ಅಬೈಡ್ ಬೈ, ಅಡ್ಹಿಯರ್ ಟು. ಒಬೇ, ಫಾಲೋ, ಅಬ್ಸರ್ವ್ ಈ ಮೂರಕ್ಕೆ ಏನೂ ಬೇಡ, ನೇರವಾಗಿ ಕರ್ಮಪದವೇ ಬರುತ್ತದೆ.

ಕನ್‌ಫಾರ್ಮ್‌ನ ಜೊತೆಗೆ ‘ಟು’ ಹೆಚ್ಚು ಬಳಕೆಯಲ್ಲಿದೆ, ‘ವಿತ್’ ಕೂಡ ಒಪ್ಪಿತ. ಮಾನಕ, ನಕ್ಷೆ, ನಿರೀಕ್ಷೆ ಎಲ್ಲಕ್ಕೂ ‘ಟು’ ಹಾಕಿದರೆ ಎಲ್ಲೂ ತಪ್ಪಾಗುವುದಿಲ್ಲ. ಕಲಿಯುವಾಗ ಅದೊಂದನ್ನೇ ಗಟ್ಟಿ ಮಾಡಿಕೊಳ್ಳುವುದು ಒಳ್ಳೆಯದು. ನಾಮಪದದ ನುಡಿಗಟ್ಟಿನಲ್ಲಿ ಮಾತ್ರ ‘ಇನ್ ಕನ್‌ಫಾರ್ಮಿಟಿ ವಿತ್’ ರೂಢಿ. ಹಾಗೆಯೇ ‘ಇನ್ ಅಕಾರ್ಡನ್ಸ್ ವಿತ್’, ಆದರೆ ‘ಅಕಾರ್ಡಿಂಗ್ ಟು’. ‘ಇನ್ ಅಕಾರ್ಡನ್ಸ್ ಟು’ ಎಂಬುದು ಇವೆರಡನ್ನೂ ಬೆರೆಸಿದ ತಪ್ಪು.

ಕರ್ಮಣಿ ಪ್ರಯೋಗದಲ್ಲೂ ಒಂದು ತೊಡಕಿದೆ. ‘ಆದೇಶವನ್ನು ಪಾಲಿಸಲಾಗಿದೆ’ ಎನ್ನಲು ‘ದಿ ಆರ್ಡರ್ ಹ್ಯಾಸ್ ಬೀನ್ ಕಂಪ್ಲೈಡ್ ವಿತ್’ ಎಂದೇ ಬರೆಯಬೇಕು. ವಾಕ್ಯದ ಕೊನೆಯಲ್ಲಿ ‘ವಿತ್’ ನೇತಾಡುತ್ತಿದೆ ಎನಿಸಿ ಅದನ್ನು ಕತ್ತರಿಸುವವರು ಬಹಳ. ಕತ್ತರಿಸಿದರೆ ವ್ಯಾಕರಣವೇ ಕೆಡುತ್ತದೆ. ಕನ್‌ಫಾರ್ಮ್‌ನಲ್ಲಿ ಈ ಪ್ರಯೋಗವನ್ನೇ ಬಿಡಿ. ‘ಈಸ್ ಕನ್‌ಫಾರ್ಮ್ಡ್ ಟು ದ ಸ್ಟಾಂಡರ್ಡ್’ ಎನ್ನುವುದಕ್ಕಿಂತ ‘ಕನ್‌ಫಾರ್ಮ್ಸ್ ಟು’ ಎಂದರೆ ಮುಗಿಯಿತು, ಏಕೆಂದರೆ ಇಂದಿನ ಬಳಕೆಯಲ್ಲಿ ಇದು ಬಹುಮಟ್ಟಿಗೆ ಅಕರ್ಮಕ.

ಬೋರ್‌ವೆಲ್ ನೀರಿನ ವರದಿ

ಅಪಾರ್ಟ್‌ಮೆಂಟಿನ ಬೋರ್‌ವೆಲ್ ಅಥವಾ ಟ್ಯಾಂಕರ್ ನೀರನ್ನು ಪ್ರಯೋಗಾಲಯಕ್ಕೆ ಕೊಟ್ಟರೆ ವರದಿಯ ಕೆಳಗೆ ಈ ಧಾಟಿಯ ಸಾಲು ಬರುತ್ತದೆ: ‘ದ ಸ್ಯಾಂಪಲ್ ಡಸ್ ನಾಟ್ ಕನ್‌ಫಾರ್ಮ್ ಟು ಐಎಸ್ 10500:2012 ವಿತ್ ರೆಸ್ಪೆಕ್ಟ್ ಟು ಟೋಟಲ್ ಹಾರ್ಡ್‌ನೆಸ್’. ಐಎಸ್ 10500 ಎಂದರೆ ಕುಡಿಯುವ ನೀರಿನ ಭಾರತೀಯ ಮಾನಕ. ಈ ಒಂದು ವಾಕ್ಯದಲ್ಲಿ ಕಲಿಯಬೇಕಾದ್ದು ತುಂಬ ಇದೆ.

ಮೊದಲನೆಯದು ಕಾಲ. ವಸ್ತು ಕರ್ತೃವಾದಾಗ ಸರಳ ವರ್ತಮಾನವೇ ಬರಬೇಕು. ‘ಈಸ್ ನಾಟ್ ಕನ್‌ಫಾರ್ಮಿಂಗ್’ ಎಂದು ಬರೆದರೆ ನೀರು ಈ ಕ್ಷಣದಲ್ಲಿ ಏನೋ ಮಾಡುತ್ತಿದೆ ಎಂಬಂತಾಗುತ್ತದೆ. ಹೊಂದಿಕೆ ಒಂದು ಸ್ಥಿತಿ. ಸ್ಥಿತಿಗೆ ‘ಇಂಗ್’ ಸೇರಿಸುವ ಅಭ್ಯಾಸವನ್ನು ಬಿಡಬೇಕು. ಎರಡನೆಯದು ನಿಷೇಧ. ಕನ್ನಡದಲ್ಲಿ ‘ಹೊಂದುವುದಿಲ್ಲ’ ಒಂದೇ ಪದವಾದ್ದರಿಂದ ‘ನಾಟ್ ಕನ್‌ಫಾರ್ಮ್ಸ್’ ಎಂದು ಬರೆಯುವವರಿದ್ದಾರೆ. ‘ಡಸ್ ನಾಟ್’ ಬಂದ ಮೇಲೆ ಕ್ರಿಯಾಪದಕ್ಕೆ ‘ಎಸ್’ ಇಲ್ಲ. ‘ಫೇಲ್ಸ್ ಟು ಕನ್‌ಫಾರ್ಮ್’ ಎಂದೂ ಬರೆಯುತ್ತಾರೆ, ಅರ್ಥ ಅದೇ.

ಮೂರನೆಯದೇ ಮುಖ್ಯ: ಯಾವ ವಿಷಯದಲ್ಲಿ ಹೊಂದುವುದಿಲ್ಲ ಎಂದು ‘ವಿತ್ ರೆಸ್ಪೆಕ್ಟ್ ಟು’ ಹೇಳುತ್ತದೆ. ಅದನ್ನು ಬಿಟ್ಟರೆ ನೀರೇ ಪೂರ್ತಿ ಕೆಟ್ಟಿದೆ ಎಂಬ ಅರ್ಥ ಹೊರಟು ಸಂಘದ ಸಭೆಯಲ್ಲಿ ಗದ್ದಲವಾಗುತ್ತದೆ. ಈ ಮಾನಕದಲ್ಲಿ ಗಡಸುತನಕ್ಕೆ ಎರಡು ಮಿತಿಗಳಿವೆ. ಲೀಟರಿಗೆ 200 ಮಿಲಿಗ್ರಾಂ ಒಪ್ಪಬಹುದಾದ ಮಿತಿ. ಬೇರೆ ನೀರಿನ ಮೂಲವೇ ಇಲ್ಲದಿದ್ದರೆ 600ರವರೆಗೆ ಅನುಮತಿ. ಕರಗಿದ ಲವಣಾಂಶ, ಅಂದರೆ ಟಿಡಿಎಸ್‌ಗೆ ಇದೇ ರೀತಿ 500 ಮತ್ತು 2000. ಪಿಎಚ್ ಮಾತ್ರ 6.5ರಿಂದ 8.5ರ ಒಳಗೇ ಇರಬೇಕು, ಅದಕ್ಕೆ ವಿನಾಯಿತಿ ಇಲ್ಲ. ನಿಮ್ಮ ಮಾದರಿಯ ಗಡಸುತನ 480 ಬಂದಿದೆ ಎನ್ನೋಣ. ಆಗ ಬರಿ ‘ಡಸ್ ನಾಟ್ ಕನ್‌ಫಾರ್ಮ್’ ಎಂದು ನಿಲ್ಲಿಸದೆ ‘ಎಕ್ಸೀಡ್ಸ್ ದಿ ಆ್ಯಕ್ಸೆಪ್ಟಬಲ್ ಲಿಮಿಟ್ ಬಟ್ ಈಸ್ ವಿದಿನ್ ದ ಪರ್ಮಿಸಿಬಲ್ ಲಿಮಿಟ್’ ಎಂದು ಬರೆದರೆ ಓದುವವರಿಗೆ ನಿಜ ಸ್ಥಿತಿ ತಿಳಿಯುತ್ತದೆ. ಪದ ಸರಿಯಿದ್ದೂ ಮಾಹಿತಿ ಅರ್ಧವಾಗಿದ್ದರೆ ಆ ವಾಕ್ಯ ಸರಿಯಲ್ಲ.

ಹೆಲ್ಮೆಟ್ ಮತ್ತು ಪದಗಳ ಕ್ರಮ

1988ರ ಮೋಟಾರು ವಾಹನ ಕಾಯ್ದೆಯ 129ನೇ ಸೆಕ್ಷನ್‌ನಲ್ಲಿ ‘ಪ್ರೊಟೆಕ್ಟಿವ್ ಹೆಡ್‌ಗೇರ್ ಕನ್‌ಫಾರ್ಮಿಂಗ್ ಟು ದ ಸ್ಟಾಂಡರ್ಡ್ಸ್’ ಎಂಬ ಮಾತಿತ್ತು. 2019ರ ತಿದ್ದುಪಡಿ ಆದ ಮೇಲೂ ‘ಕನ್‌ಫಾರ್ಮಿಂಗ್ ಟು’ ಹಾಗೆಯೇ ಉಳಿದಿದೆ. ದ್ವಿಚಕ್ರ ವಾಹನದ ಹೆಲ್ಮೆಟ್ಟಿನ ಮಾನಕ ಐಎಸ್ 4151. ಐಎಸ್‌ಐ ಮಾರ್ಕಿನ ಜೊತೆ ಈ ಸಂಖ್ಯೆಯನ್ನೂ ನೋಡಿರುತ್ತೀರಿ.

ಇಲ್ಲಿನ ‘ಇಂಗ್’ ಕಾಲವನ್ನು ಹೇಳುವುದಿಲ್ಲ, ಅದು ವಿಶೇಷಣ, ಆದ್ದರಿಂದ ತಪ್ಪಲ್ಲ. ಗಮನಿಸಬೇಕಾದ್ದು ಪದಗಳ ಕ್ರಮ. ಕನ್ನಡದಲ್ಲಿ ವಿಶೇಷಣ ಮುಂದೆ: ‘ಐಎಸ್ 4151ಕ್ಕೆ ಅನುಗುಣವಾದ ಹೆಲ್ಮೆಟ್’. ಅದನ್ನೇ ಸಾಲಾಗಿ ಇಳಿಸಿದರೆ ‘ಐಎಸ್ 4151 ಕನ್‌ಫಾರ್ಮಿಂಗ್ ಹೆಲ್ಮೆಟ್’ ಆಗುತ್ತದೆ, ‘ಟು’ ಮಾಯ. ಇಂಗ್ಲಿಷಿನಲ್ಲಿ ಮೊದಲು ವಸ್ತು, ಆಮೇಲೆ ‘ಕನ್‌ಫಾರ್ಮಿಂಗ್ ಟು’, ಕೊನೆಗೆ ಮಾನಕ. ಮನೆ ಕಟ್ಟಿಸುವವರು ಎಸ್ಟಿಮೇಟಿನಲ್ಲಿ ಬರೆಸಬೇಕಾದ್ದೂ ಹೀಗೆಯೇ: ‘ಸ್ಟೀಲ್ ಬಾರ್ಸ್ ಕನ್‌ಫಾರ್ಮಿಂಗ್ ಟು ಐಎಸ್ 1786’, ‘ಸಿಮೆಂಟ್ ಕನ್‌ಫಾರ್ಮಿಂಗ್ ಟು ಐಎಸ್ 269’. ಬರಿ ‘ಗುಡ್ ಕ್ವಾಲಿಟಿ ಸ್ಟೀಲ್’ ಎಂದರೆ ನಾಳೆ ಜಗಳವಾದಾಗ ಹಿಡಿದು ಕೇಳಲು ಏನೂ ಇರುವುದಿಲ್ಲ.

ಪೀಣ್ಯದ ‘ಎನ್‌ಸಿ’

ಪೀಣ್ಯದ ಕಾರ್ಖಾನೆಗಳಲ್ಲಿ ‘ಆಡಿಟ್‌ನಲ್ಲಿ ಎನ್‌ಸಿ ಬಿತ್ತು’ ಎನ್ನುತ್ತಾರೆ. ಎನ್‌ಸಿ ಎಂದರೆ ನಾನ್‌ಕನ್‌ಫಾರ್ಮಿಟಿ. ಗುಣಮಟ್ಟ ನಿರ್ವಹಣೆಯ ಅಂತರರಾಷ್ಟ್ರೀಯ ಮಾನಕ ಐಎಸ್‌ಒ 9000:2015ರ ವ್ಯಾಖ್ಯೆ ತೀರ ಚಿಕ್ಕದು: ಅಗತ್ಯವೊಂದು ಈಡೇರಿದರೆ ಕನ್‌ಫಾರ್ಮಿಟಿ, ಈಡೇರದಿದ್ದರೆ ನಾನ್‌ಕನ್‌ಫಾರ್ಮಿಟಿ. ‘ಕನ್‌ಫಾರ್ಮನ್ಸ್’ ಕೂಡ ಅದೇ ಅರ್ಥದ್ದು, ಆದರೆ ಬಳಸದಿರುವುದು ಮೇಲು ಎಂದು ಆ ಮಾನಕವೇ ಹೇಳುತ್ತದೆ. ಆದರೂ ಸರಕಿನ ಜೊತೆ ಹೋಗುವ ಪ್ರಮಾಣಪತ್ರದ ಹೆಸರಿನಲ್ಲಿ ಎರಡೂ ರೂಪ ಕಾಣಿಸುತ್ತವೆ. ಗ್ರಾಹಕರ ಆರ್ಡರಿನಲ್ಲಿ ಯಾವುದಿದೆಯೋ ಅದನ್ನೇ ಬಳಸಿ.

ವ್ಯಾಕರಣದಲ್ಲಿ ಒಂದು ಸೂಕ್ಷ್ಮವಿದೆ. ಸಮಾಜದ ಮಾತು ಬಂದಾಗ ‘ಕನ್‌ಫಾರ್ಮಿಟಿ’ಗೆ ಬಹುವಚನವಿಲ್ಲ. ಆಡಿಟ್‌ನಲ್ಲಿ ಮಾತ್ರ ‘ಎ ನಾನ್‌ಕನ್‌ಫಾರ್ಮಿಟಿ’, ‘ತ್ರೀ ನಾನ್‌ಕನ್‌ಫಾರ್ಮಿಟೀಸ್’ ಎಂದು ಎಣಿಸಬಹುದು.

ಎನ್‌ಸಿ ಬರೆಯುವಾಗ ಮೂರು ಸಂಗತಿ ಇರಲೇಬೇಕು: ಇರಬೇಕಾದ್ದೇನು, ಕಂಡದ್ದೇನು, ಯಾವ ದಾಖಲೆಗೆ ಹೊಂದುತ್ತಿಲ್ಲ. ನಕ್ಷೆಯಲ್ಲಿ ಶಾಫ್ಟಿನ ವ್ಯಾಸ 25.00 ಮಿ.ಮೀ., ಹೆಚ್ಚುಕಡಿಮೆ 0.02 ಎಂದಿದೆ. ಮೈಕ್ರೋಮೀಟರಿನಲ್ಲಿ 25.03 ಬಂತು. ವಾಕ್ಯ ಹೀಗಿರಲಿ: ‘ಶಾಫ್ಟ್ ಡಯಾಮೀಟರ್ ಮೆಷರ್ಡ್ 25.03 ಎಂಎಂ, ಡಸ್ ನಾಟ್ ಕನ್‌ಫಾರ್ಮ್ ಟು ಡ್ರಾಯಿಂಗ್ ರಿಕ್ವೈರ್‌ಮೆಂಟ್ 25.00 ಪ್ಲಸ್ ಆರ್ ಮೈನಸ್ 0.02’. ‘ಆಪರೇಟರ್ ಅಜಾಗ್ರತೆಯಿಂದ’ ಎಂದು ಇಲ್ಲಿ ಸೇರಿಸಬೇಡಿ. ಅದು ಕಾರಣದ ಊಹೆ, ಅದರ ಜಾಗ ಸರಿಪಡಿಸುವ ಕ್ರಮದ ಹಾಳೆಯಲ್ಲಿ. ಕನ್‌ಫಾರ್ಮ್ ಯಾರನ್ನೂ ದೂರುವ ಕ್ರಿಯಾಪದವಲ್ಲ, ಹೊಂದಿದೆಯೋ ಇಲ್ಲವೋ ಎಂದು ಹೇಳುವುದಷ್ಟೇ ಅದರ ಕೆಲಸ.

ಮನುಷ್ಯರ ವಿಷಯಕ್ಕೆ ಬಂದಾಗ

‘ಶೀ ರಿಫ್ಯೂಸ್ಡ್ ಟು ಕನ್‌ಫಾರ್ಮ್’ ಎಂಬಲ್ಲಿ ಯಾವುದಕ್ಕೆ ಎಂದು ಹೇಳಿಲ್ಲ, ಹೇಳಬೇಕಾಗಿಯೂ ಇಲ್ಲ. ಹತ್ತರಲ್ಲಿ ಹನ್ನೊಂದಾಗಲು ಆಕೆ ಒಪ್ಪಲಿಲ್ಲ ಎಂಬ ಅರ್ಥ ತಾನಾಗಿ ಬರುತ್ತದೆ. ‘ನಾಲ್ಕು ಜನ ಏನಂತಾರೆ’ ಎಂದು ನಮ್ಮ ಮನೆಗಳಲ್ಲಿ ಹೇಳುವುದನ್ನೇ ಇಂಗ್ಲಿಷಿನಲ್ಲಿ ‘ಪ್ರೆಶರ್ ಟು ಕನ್‌ಫಾರ್ಮ್’ ಎನ್ನುತ್ತಾರೆ.

ಮನಶ್ಶಾಸ್ತ್ರ ಓದುವವರಿಗೆ ಇದೇ ಪದ ಪಾರಿಭಾಷಿಕ. ಅಮೆರಿಕದ ಸಾಲಮನ್ ಆ್ಯಶ್ 1951ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ ಒಂದು ಗೆರೆಯ ಉದ್ದಕ್ಕೆ ಸರಿಸಮನಾದದ್ದನ್ನು ಮೂರು ಗೆರೆಗಳಲ್ಲಿ ಗುರುತಿಸಬೇಕಿತ್ತು. 18 ಸುತ್ತುಗಳಲ್ಲಿ 12ರಲ್ಲಿ, ಮೊದಲೇ ಹೇಳಿಕೊಟ್ಟಿದ್ದ ಉಳಿದವರೆಲ್ಲ ಒಕ್ಕೊರಲಿನಿಂದ ತಪ್ಪು ಉತ್ತರ ಕೊಡುತ್ತಿದ್ದರು. ಆ ಸುತ್ತುಗಳಲ್ಲಿ ಸುಮಾರು ಮೂರರಲ್ಲೊಂದು ಉತ್ತರ ಗುಂಪಿನ ತಪ್ಪಿನ ಕಡೆಗೇ ವಾಲಿತು. ಪರೀಕ್ಷೆಯಲ್ಲಿ ಬರೆಯುವಾಗ ‘ಮೂರರಲ್ಲೊಂದು ಜನ’ ಎಂದು ಬರೆಯಬೇಡಿ: ಅದು ಉತ್ತರಗಳ ಲೆಕ್ಕ. ಒಮ್ಮೆಯಾದರೂ ಗುಂಪಿನ ಜೊತೆ ಹೋದವರು ಸುಮಾರು ನಾಲ್ಕರಲ್ಲಿ ಮೂವರು. ಈ ಶಾಸ್ತ್ರದಲ್ಲಿ ‘ಕಂಪ್ಲಯನ್ಸ್’ ಎಂದರೆ ಒಳಗೆ ಒಪ್ಪದೆ ಹೊರಗೆ ಮಾತ್ರ ಒಪ್ಪಿದಂತೆ ನಡೆಯುವುದು. ಇತರರ ಪ್ರಭಾವಕ್ಕೆ ಒಳಗಾಗುವ ಬಗೆಗಳನ್ನು ಮನಶ್ಶಾಸ್ತ್ರಜ್ಞ ಹರ್ಬರ್ಟ್ ಕೆಲ್ಮನ್ 1958ರಲ್ಲಿ ಮೂರಾಗಿ ವಿಂಗಡಿಸಿದ್ದರಲ್ಲಿ ಇದು ಮೊದಲನೆಯದು. ನರ್ಸಿಂಗ್ ಓದುವವರಿಗೆ ಅದೇ ಪದ ಶ್ವಾಸಕೋಶ ಎಷ್ಟು ಸುಲಭವಾಗಿ ಹಿಗ್ಗುತ್ತದೆ ಎಂಬುದರ ಅಳತೆ.

‘ನಾನ್‌ಕನ್‌ಫಾರ್ಮಿಸ್ಟ್’ ಎಂಬ ಪದ ಇಂಗ್ಲೆಂಡಿನ ಚರ್ಚಿನ ಇತಿಹಾಸದಿಂದ ಬಂದದ್ದು. ಆರಾಧನೆಯ ಕ್ರಮ ಎಲ್ಲೆಡೆ ಒಂದೇ ಇರಬೇಕೆಂದ 1662ರ ಏಕರೂಪತೆಯ ಕಾಯ್ದೆಗೆ ಒಪ್ಪದವರಿಗೆ ಈ ಹೆಸರು ಅಂಟಿತು. ಬೆಂಗಳೂರಿಗೆ ಬಂದ ಕ್ರೈಸ್ತ ಸಂಸ್ಥೆ ವೆಸ್ಲಿಯನ್ ಮಿಷನ್ ಕೂಡ ಅದೇ ವಿಶಾಲ ಪರಂಪರೆಗೆ ಸೇರುತ್ತದೆ. ಈಗ ರೂಢಿ ಮೀರಿ ಬದುಕುವ ಯಾರಿಗೂ ಈ ಪದ ಸಲ್ಲುತ್ತದೆ.

ಎರಡು ಜೋಡಿ ಅವಳಿಗಳು

ಕಚೇರಿಯ ಇ-ಮೇಲ್‌ಗಳಲ್ಲಿ ಅತಿ ಹೆಚ್ಚು ಕಾಣುವ ತಪ್ಪು ‘ಪ್ಲೀಸ್ ಕನ್‌ಫಾರ್ಮ್ ದ ಮೀಟಿಂಗ್ ಟೈಮ್’. ಬೇಕಾದದ್ದು ‘ಕನ್‌ಫರ್ಮ್’, ಖಚಿತಪಡಿಸು. ಕಂಪ್ಯೂಟರಿನ ಸ್ಪೆಲ್‌ಚೆಕ್ ಇದನ್ನು ತಪ್ಪದೆ ಹಿಡಿಯುತ್ತದೆಂದು ನಂಬುವಂತಿಲ್ಲ, ಎರಡೂ ಸರಿಯಾದ ಪದಗಳೇ. ‘ಟಿಕೆಟ್ ಕನ್‌ಫರ್ಮ್ ಆಯ್ತಾ?’ ಎಂದು ದಿನಾ ಕೇಳುತ್ತೇವೆ, ರೈಲ್ವೆಯ ಸಂದೇಶದಲ್ಲಿ ಬರುವ ‘ಸಿಎನ್‌ಎಫ್’ನಲ್ಲಿ ಸ್ವರಾಕ್ಷರವೇ ಇಲ್ಲದ್ದರಿಂದ ಅದೂ ಸಹಾಯಕ್ಕೆ ಬರುವುದಿಲ್ಲ. ಪದದ ಹೊಟ್ಟೆಯೊಳಗೆ ನೋಡಿ: ಒಂದರಲ್ಲಿ ‘ಫಾರ್ಮ್’ ಇದೆ, ನಮೂನೆ, ಇನ್ನೊಂದರಲ್ಲಿ ‘ಫರ್ಮ್’ ಇದೆ, ಗಟ್ಟಿ. ಉಚ್ಚಾರದಲ್ಲಿ ಎರಡಕ್ಕೂ ಒತ್ತು ಎರಡನೆಯ ಭಾಗದ ಮೇಲೆ, ಸ್ವರ ಮಾತ್ರ ಬೇರೆ. ಟಿಕೆಟ್, ಅಪಾಯಿಂಟ್‌ಮೆಂಟ್, ಹಾಜರಾತಿ, ಸುದ್ದಿ ಇವೆಲ್ಲ ಕನ್‌ಫರ್ಮ್ ಆಗುತ್ತವೆ, ಅದೂ ‘ಟು’ ಇಲ್ಲದೆ ನೇರವಾಗಿ.

ಎರಡನೆಯ ಜೋಡಿ ಇನ್ನೂ ದುಬಾರಿ. ‘ಕಂಪ್ಲಯಂಟ್’ ಎಂದರೆ ನಿಯಮಕ್ಕೆ ಒಳಪಟ್ಟ, ‘ಕಂಪ್ಲೇಂಟ್’ ಎಂದರೆ ದೂರು. ಕಾಗುಣಿತದಲ್ಲಿ ವ್ಯತ್ಯಾಸ ‘ಐ’ ಮತ್ತು ‘ಎ’ಗಳ ಸ್ಥಾನದ್ದು ಮಾತ್ರ: ‘ಎಲ್’ ಆದ ಮೇಲೆ ‘ಐ-ಎ’ ಬಂದರೆ ಕಂಪ್ಲಯಂಟ್, ‘ಎ-ಐ’ ಬಂದರೆ ದೂರು. ‘ಜಿಎಸ್‌ಟಿ ಕಂಪ್ಲಯಂಟ್ ಸಾಫ್ಟ್‌ವೇರ್’ ಎಂದು ಕೊಟೇಶನ್ನಿನಲ್ಲಿ ಬರೆಯಹೋಗಿ ಅಕ್ಷರ ಅದಲುಬದಲಾದರೆ ಜಿಎಸ್‌ಟಿಯ ದೂರಿನ ಸಾಫ್ಟ್‌ವೇರ್ ಮಾರುತ್ತಿರುವಂತಾಗುತ್ತದೆ. ಟೆಂಡರು, ಕೊಟೇಶನ್, ಆಡಿಟ್ ಉತ್ತರ ಯಾವುದೇ ಆಗಲಿ, ಕಳಿಸುವ ಮೊದಲು ಫೈಂಡ್ ತೆರೆದು ‘ಕಂಪ್ಲೇಂಟ್’ ಮತ್ತು ‘ಕನ್‌ಫಾರ್ಮ್’ ಎರಡನ್ನೂ ಇಂಗ್ಲಿಷ್ ಕಾಗುಣಿತದಲ್ಲಿ ಹುಡುಕಿ, ಸಿಕ್ಕ ಪ್ರತಿಯೊಂದು ಸಾಲನ್ನೂ ಓದಿ ನೋಡಿ. ‘ರಿಪ್ಲೇಸ್ ಆಲ್’ ಮಾತ್ರ ಒತ್ತಬೇಡಿ, ಅದೇ ಕಡತದಲ್ಲಿ ನಿಜವಾದ ದೂರಿನ ಮಾತೂ ಇರಬಹುದು.