‘ಹಾರ್ಡ್‌ಲಿ’: ಕಷ್ಟ ಅನ್ನುವುದು ‘ಇಲ್ಲ’ ಆದ ಬಗೆ

‘ಹಿ ವರ್ಕ್ಸ್ ಹಾರ್ಡ್’ ಅಂದರೆ ಅವನು ಮೈಮುರಿದು ದುಡಿಯುತ್ತಾನೆ. ‘ಹಿ ಹಾರ್ಡ್‌ಲಿ ವರ್ಕ್ಸ್’ ಅಂದರೆ ಕೆಲಸ ಮಾಡುವುದೇ ಇಲ್ಲ ಅನ್ನಬಹುದು. ‘ಸ್ಲೋ’ಗೆ ‘ಲಿ’ ಸೇರಿದರೆ ನಿಧಾನ ನಿಧಾನವಾಗಿಯೇ ಉಳಿಯುತ್ತದೆ. ಇಲ್ಲಿ ಮಾತ್ರ ಅರ್ಥ ಏಕೆ ತಲೆಕೆಳಗಾಯಿತು?

ಹಳೆಯ ಇಂಗ್ಲಿಷ್‌ನಲ್ಲಿ ಗಟ್ಟಿ, ಕಠಿಣ ಅನ್ನುವುದಕ್ಕೆ ‘ಹೆಯರ್ಡ್’ ಎಂಬ ಗುಣವಾಚಕ ಇತ್ತು. ಅದರಿಂದ ಎರಡು ಕ್ರಿಯಾವಿಶೇಷಣ ಹುಟ್ಟಿದವು: ‘ಹೆಯರ್ಡೆ’ ಮತ್ತು ‘ಹೆಯರ್ಡ್‌ಲೀಚೆ’. ಮೊದಲನೆಯದರ ಕೊನೆಯ ಸ್ವರ ಉದುರಿ ‘ಹಾರ್ಡ್’ ಉಳಿಯಿತು. ಅದಕ್ಕೇ ಇವತ್ತಿಗೂ ಗುಣವಾಚಕಕ್ಕೂ ಕ್ರಿಯಾವಿಶೇಷಣಕ್ಕೂ ಒಂದೇ ರೂಪ. ಎರಡನೆಯದು ‘ಹಾರ್ಡ್‌ಲಿ’ ಆಯಿತು.

1611ರ ಇಂಗ್ಲಿಷ್ ಬೈಬಲ್ ತೆರೆದರೆ ಈ ‘ಹಾರ್ಡ್‌ಲಿ’ಯ ಹಳೆಯ ಅರ್ಥಗಳು ಕಣ್ಣಿಗೇ ಬೀಳುತ್ತವೆ. ಆದಿಕಾಂಡ 16:6ರಲ್ಲಿ ಸಾರಯಳು ದಾಸಿ ಹಾಗರಳೊಂದಿಗೆ ‘ಹಾರ್ಡ್‌ಲಿ’ ನಡೆದುಕೊಂಡಳು, ಅಂದರೆ ಕಠೋರವಾಗಿ. ಮತ್ತಾಯ 19:23ರಲ್ಲಿ ಶ್ರೀಮಂತನು ಸ್ವರ್ಗರಾಜ್ಯವನ್ನು ‘ಹಾರ್ಡ್‌ಲಿ’ ಪ್ರವೇಶಿಸುತ್ತಾನೆ, ಅಂದರೆ ಬಹಳ ಕಷ್ಟದಿಂದ.

ಕಷ್ಟದಿಂದ ‘ಇಲ್ಲ’ಕ್ಕೆ ದಾಟಿದ ಈ ಮೆಟ್ಟಿಲಲ್ಲೇ ಎಲ್ಲರೂ ಎಡವುವುದು. ಬಿಡಿಸುವ ಕೀಲಿ ನಮ್ಮ ಮಾತಿನಲ್ಲೇ ಇದೆ. ‘ಈ ಮಳೇಲಿ ಅವನು ಬರೋದು ಕಷ್ಟ’ ಅನ್ನುತ್ತೇವೆ. ಅವನು ಒದ್ದಾಡಿಕೊಂಡು ಬಂದು ಮುಟ್ಟುತ್ತಾನೆ ಅಂತ ಅದರ ಅರ್ಥವೇ? ಅಲ್ಲ, ಬಹುಶಃ ಬರಲ್ಲ ಅಂತ. ‘ಕಾಯಿಲೆ ನೋಡಿದ್ರೆ ಉಳಿಯೋದು ಕಷ್ಟ’ ಅನ್ನುವಲ್ಲಿಯೂ ಅಷ್ಟೇ. ಕಷ್ಟಪಟ್ಟರೆ ಆಗುವಂಥದ್ದು ಆಗುವ ಸಂಭವ ಕಡಿಮೆ. ಸಂಭವ ಕಡಿಮೆ ಅಂದಮೇಲೆ ಆಗುವುದೇ ಇಲ್ಲ ಅಂತ ಕೇಳುವವರು ತಿಳಿಯುತ್ತಾರೆ. ಇಂಗ್ಲಿಷ್ ಪದವೂ ಇದೇ ದಾರಿ ಹಿಡಿಯಿತು. ‘ಐ ಕ್ಯಾನ್ ಹಾರ್ಡ್‌ಲಿ ಸೀ’ ವಾಕ್ಯದಲ್ಲಿ ಎರಡು ಅರ್ಥವೂ ಇನ್ನೂ ಜೊತೆಗೇ ಕೂತಿವೆ: ಕಷ್ಟಪಟ್ಟು ಕಾಣುತ್ತಿದೆ, ಹೆಚ್ಚುಕಡಿಮೆ ಕಾಣುತ್ತಿಲ್ಲ. ‘ಐ ಹಾರ್ಡ್‌ಲಿ ನೋ ಹಿಮ್’ ಅನ್ನುವಾಗ ಕಷ್ಟ ಪೂರ್ತಿ ಕರಗಿದೆ. ಪರಿಚಯ ಅಷ್ಟಕ್ಕಷ್ಟೇ ಅನ್ನುವುದೊಂದೇ ಉಳಿದಿದೆ.

ಈ ಮೆಟ್ಟಿಲು ದಾಟಿದರೆ ವ್ಯಾಕರಣವನ್ನು ಉರುಹೊಡೆಯುವ ಗೋಜೇ ಇಲ್ಲ. ‘ಹಾರ್ಡ್‌ಲಿ’ ಕಂಡಲ್ಲೆಲ್ಲ ವಾಕ್ಯದಲ್ಲಿ ಒಂದು ‘ನಾಟ್’ ಇದೆ ಅಂತಲೇ ಓದಿ. ಹಾಗಾಗಿ ಇನ್ನೊಂದು ‘ನಾಟ್’ ಸೇರಿಸುವಂತಿಲ್ಲ. ‘ಸಮ್’ ಬದಲು ‘ಎನಿ’ ಬರುತ್ತದೆ: ‘ದೇರ್ ಈಸ್ ಹಾರ್ಡ್‌ಲಿ ಎನಿ ಮಿಲ್ಕ್’. ಕೊನೆಯ ಪುಟ್ಟ ಪ್ರಶ್ನೆಯಲ್ಲಿ ‘ನಾಟ್’ ಇರುವುದಿಲ್ಲ: ‘ಹಿ ಹಾರ್ಡ್‌ಲಿ ಟಾಕ್ಸ್, ಡಸ್ ಹಿ?’

ವಾಕ್ಯದ ಮೊದಲಿಗೇ ಬಂದರೆ ಸಹಾಯಕ ಕ್ರಿಯಾಪದ ಕರ್ತೃವಿಗಿಂತ ಮುಂದೆ ಹೋಗುತ್ತದೆ: ‘ಹಾರ್ಡ್‌ಲಿ ಹ್ಯಾಡ್ ಐ ರೀಚ್ಡ್ ದ ಸ್ಟೇಷನ್ ವೆನ್ ದ ಟ್ರೇನ್ ಲೆಫ್ಟ್’. ನಾನು ಸ್ಟೇಷನ್ ಮುಟ್ಟಿದ್ದೇ ತಡ, ರೈಲು ಹೊರಟಿತು. ಪರೀಕ್ಷೆಯಲ್ಲಿ ಇದರ ಜೋಡಿಗೆ ‘ವೆನ್’ ಬರೆಯಿರಿ. ‘ದ್ಯಾನ್’ ಬರುವುದು ‘ನೋ ಸೂನರ್’ ಜೊತೆಗೆ.