ಸಿನಿಮಾ ನೋಡಲು ಹೋಗಿ ‘ಅಲೋ’ ಒತ್ತಿದವರು

ಕಳೆದ ತಿಂಗಳು ಇಂಡಿ ಕಡೆಯ ಕಾಕಾ ಒಬ್ಬರು ಅಂಗಡಿಗೆ ಬಂದರು. ಲಿಂಬೆ ಬೆಳೆಯುವವರು. ವಿಜಯಪುರಕ್ಕೆ ಬಂದಾಗೆಲ್ಲ ಗಾಂಧಿ ಚೌಕದ ಹತ್ತಿರದ ನನ್ನ ರಿಪೇರಿ ಅಂಗಡಿಗೆ ಒಂದು ಸುತ್ತು ಹಾಕುತ್ತಾರೆ. ಈ ಸಲ ಮುಖ ಸಪ್ಪಗಿತ್ತು. ಫೋನ್ ಕೌಂಟರ್ ಮೇಲಿಟ್ಟು, "ತಮ್ಮಾ, ಇದರಾಗ ಹದಿಮೂರು ವೈರಸ್ ಹೊಕ್ಕಾವಂತ. ತಾಸಿಗೊಮ್ಮೆ ಹೇಳಾಕತ್ತದ" ಅಂದರು.

ನೋಡಿದೆ. ಕೆಂಪು ತ್ರಿಕೋನ, ಜೂಜಿನ ಆ್ಯಪಿನ ಜಾಹೀರಾತು, ‘ಈಗಲೇ ಸ್ವಚ್ಛ ಮಾಡಿ’ ಅನ್ನುವ ಗುಂಡಿ, ಸಾಲುಸಾಲಾಗಿ. ಒಂದೂ ವೈರಸ್ ಅಲ್ಲ. ಎಲ್ಲವೂ ಕ್ರೋಮ್‌ನ ನೋಟಿಫಿಕೇಷನ್.

"ಕಾಕಾ, ಫೋನಿನ್ಯಾಗ ಸಿನಿಮಾ ಏನರ ನೋಡೀರೇನು?"

"ಮೊಮ್ಮಗ ಹಚ್ಚಿ ಕೊಟ್ಟಿದ್ದ. ಪೂರ್ತಿ ಎಲ್ಲಿ ನೋಡಿದೆ? ನಡುವ ಯಾವನೋ ಎದ್ದು ನಿಂತು ಅಡ್ಡ ಆದ."

ಟಾಕೀಸಿನಲ್ಲಿ ಕೂತು ಮೊಬೈಲಿನಲ್ಲಿ ಕದ್ದು ಹಿಡಿದ ಪ್ರಿಂಟ್ ಅದು.

ಕದ್ದ ಸಿನಿಮಾದ ಫೈಲಿನಲ್ಲೇ ವೈರಸ್ ಕೂತಿರುತ್ತದೆ ಅಂತ ತುಂಬಾ ಜನ ತಿಳಿದಿದ್ದಾರೆ. ನನ್ನ ಅಂಗಡಿಗೆ ಬರುವ ಕೇಸುಗಳಲ್ಲಿ ಹಾಗಿರುವುದು ಕಡಿಮೆ. ಆ ಫೈಲ್ ಸಿಗುವ ತನಕ ನಾವೇ ಒತ್ತುತ್ತಾ ಹೋಗುವ ಗುಂಡಿಗಳಲ್ಲೇ ತೊಂದರೆ ಇರುವುದು. ಪ್ಲೇ ಗುಂಡಿಯ ಮೇಲೆ ಕಣ್ಣಿಗೆ ಕಾಣದ ಇನ್ನೊಂದು ಪದರ ಹಾಸಿರುತ್ತಾರೆ. ಮೊದಲ ಸಲ ಒತ್ತಿದರೆ ಜಾಹೀರಾತು, ಎರಡನೇ ಸಲ ಇನ್ನೊಂದು. ಮೂರನೆಯದಕ್ಕೆ ‘ನೀವು ರೋಬೋಟ್ ಅಲ್ಲ ಅಂತ ತೋರಿಸಲು ಅಲೋ ಒತ್ತಿ’ ಅಂತ ಬರುತ್ತದೆ. ಅಲೋ ಅಂದರೆ ಅನುಮತಿ ಕೊಡುವುದು. ಕಾಕಾ ಒತ್ತಿದ್ದರು. ಅಲ್ಲಿಂದ ಆ ಸೈಟಿಗೆ ಅವರ ಫೋನಿಗೆ ಯಾವ ನೋಟಿಫಿಕೇಷನ್ ಬೇಕಾದರೂ ಕಳಿಸುವ ಪರವಾನಗಿ ಸಿಕ್ಕಿತು. ಕ್ರೋಮ್‌ನ ಸೆಟ್ಟಿಂಗ್ಸ್, ಅದರೊಳಗೆ ಸೈಟ್ ಸೆಟ್ಟಿಂಗ್ಸ್, ಅದರೊಳಗೆ ನೋಟಿಫಿಕೇಷನ್ಸ್. ಗುರುತಿಲ್ಲದ ಹೆಸರುಗಳನ್ನೆಲ್ಲ ಬ್ಲಾಕ್ ಮಾಡಿದೆ. ಎರಡು ನಿಮಿಷದ ಕೆಲಸ. ಇದಕ್ಕೆ ದುಡ್ಡು ಕೇಳಿದರೆ ಕೊಡಬೇಡಿ, ನಾನಾದರೂ ಸರಿ.

ಎಲ್ಲರದ್ದೂ ಇಷ್ಟಕ್ಕೇ ಮುಗಿಯುವುದಿಲ್ಲ. 2024ರ ಡಿಸೆಂಬರ್‌ನಲ್ಲಿ ಮೈಕ್ರೋಸಾಫ್ಟ್ ಪತ್ತೆ ಹಚ್ಚಿದ ಒಂದು ದಾಳಿ ಶುರುವಾಗಿದ್ದೇ ಇಂಥ ಸೈಟುಗಳಿಂದ. ಸಿನಿಮಾ ಓಡುವ ಚೌಕಟ್ಟಿನೊಳಗೇ ಜಾಹೀರಾತಿನ ಕಳ್ಳದಾರಿ ಇಟ್ಟಿದ್ದರು. ಜಗತ್ತಿನಾದ್ಯಂತ ಸುಮಾರು 10 ಲಕ್ಷ ಸಾಧನಗಳಿಗೆ ಅದು ತಟ್ಟಿತು. ಅದು ಹುಡುಕುತ್ತಿದ್ದದ್ದು ಬ್ರೌಸರ್‌ನಲ್ಲಿ ಉಳಿಸಿಟ್ಟ ಪಾಸ್‌ವರ್ಡ್‌ನಂಥವು.

ನಮ್ಮಲ್ಲಿ ಈಗ ಜಾಸ್ತಿ ನೋಡುತ್ತಿರುವುದು ಎಪಿಕೆ, ಅಂದರೆ ಫೋನಿಗೆ ಆ್ಯಪ್ ಹಾಕುವ ಫೈಲ್. ಇಂಜಿನಿಯರಿಂಗ್ ಓದುವ ಹುಡುಗನೊಬ್ಬ ಟೆಲಿಗ್ರಾಮ್‌ನಲ್ಲಿ ಹೊಸ ಸಿನಿಮಾ ಹುಡುಕಿದ. ಸಿಕ್ಕ ಫೈಲಿಗೆ ಸಿನಿಮಾದ್ದೇ ಹೆಸರು, ಕೊನೆಗೆ ಮಾತ್ರ ಎಪಿಕೆ. ಲ್ಯಾಪ್‌ಟಾಪಿನಲ್ಲಿ ಚಾಟ್ ತೆರೆದು ತೋರಿಸಿದ. 9 ಎಂಬಿ! ಎರಡೂವರೆ ತಾಸಿನ ಸಿನಿಮಾ 9 ಎಂಬಿಯಲ್ಲಿ ಹಿಡಿಯುತ್ತಾ? ಇನ್‌ಸ್ಟಾಲ್ ಮಾಡುವಾಗ ಅದು ಎಸ್‌ಎಂಎಸ್ ಓದಲು ಮತ್ತು ಆ್ಯಕ್ಸೆಸಿಬಿಲಿಟಿಗೆ ಅನುಮತಿ ಕೇಳಿತ್ತು. ಎರಡಕ್ಕೂ ಹ್ಞೂಂ ಅಂದಿದ್ದ. ಎಸ್‌ಎಂಎಸ್ ಕೊಟ್ಟರೆ ಒಟಿಪಿ ಕೊಟ್ಟ ಹಾಗೆ. ಆ್ಯಕ್ಸೆಸಿಬಿಲಿಟಿ ಕೊಟ್ಟರೆ ಪರದೆ ಓದುವ, ನಿಮ್ಮ ಬದಲು ಗುಂಡಿ ಒತ್ತುವ ಅಧಿಕಾರ ಕೊಟ್ಟ ಹಾಗೆ. ರಾತ್ರಿ ಮೂರು ಕಂತಿನಲ್ಲಿ 18,500 ರೂಪಾಯಿ ಹೋಗಿತ್ತು.

ಬಳಸುವವರೇ ಒಬ್ಬರಿಂದೊಬ್ಬರು ಫೈಲ್ ಇಳಿಸಿಕೊಳ್ಳುವ ಟೊರೆಂಟಿನದ್ದು ಬೇರೆ ಕಥೆ. ಅದರಲ್ಲಿ ಇಳಿಸಿಕೊಳ್ಳುವಾಗಲೇ ನಿಮ್ಮ ಕಂಪ್ಯೂಟರ್ ಬೇರೆಯವರಿಗೂ ತುಣುಕು ಹಂಚುತ್ತಿರುತ್ತದೆ. ಸುಮ್ನೆ ನೋಡಿದೆ ಅಷ್ಟೇ ಅನ್ನುವಂತಿಲ್ಲ.

ಇನ್ನು ಸಿನಿಮಾದವರ ಪಾಡು. ನನ್ನ ಗೆಳೆಯನೊಬ್ಬ ಟಾಕೀಸಿನಲ್ಲಿ ಆಪರೇಟರ್. ಈಗ ರೀಲಿನ ಡಬ್ಬಿ ಇಲ್ಲ, ಬೀಗ ಹಾಕಿದ ಫೈಲ್ ಬರುತ್ತದೆ. ತೆರೆಯಲು ಕೆಡಿಎಂ ಅನ್ನುವ ಕೀ ಬೇಕು. ಅದು ಆ ಒಂದು ಸರ್ವರ್‌ಗೆ, ಗೊತ್ತು ಮಾಡಿದ ದಿನಗಳಿಗೆ ಮಾತ್ರ ನಡೆಯುತ್ತದೆ. ಶುಕ್ರವಾರ ಬೆಳಿಗ್ಗೆ ಕೀ ತಡವಾದರೆ ಹೊರಗೆ ಜನ ಶಿಳ್ಳೆ ಹೊಡೆಯುತ್ತಿರುತ್ತಾರೆ, ಇವನು ಒಳಗೆ ಫೋನ್ ಹಿಡಿದು ಬೆವರುತ್ತಿರುತ್ತಾನೆ. ಇಷ್ಟೆಲ್ಲ ಬೀಗ ಹಾಕಿದ್ದು ಹಿಂದಿನ ಸಾಲಿನ ಒಂದು ಮೊಬೈಲಿಗೆ ಸೋಲುತ್ತದೆ. ಹಾಲಿವುಡ್ ಸ್ಟುಡಿಯೋಗಳು ಕೂಡಿ ಡಿಜಿಟಲ್ ಸಿನಿಮಾಕ್ಕೆ ಮಾಡಿದ ಡಿಸಿಐ ನಿಯಮದಲ್ಲಿ ಕಣ್ಣಿಗೆ ಕಾಣದ ವಾಟರ್‌ಮಾರ್ಕ್ ಇದೆ. ಯಾವ ಯಂತ್ರ, ಯಾವ ಹೊತ್ತು ಅನ್ನುವ ಗುರುತು ಪ್ರತಿ 5 ನಿಮಿಷದ ತುಣುಕಿನಲ್ಲೂ ಇರಬೇಕು. ಕದ್ದ ಪ್ರಿಂಟ್ ಸಿಕ್ಕರೆ ಎಲ್ಲಿ ಹಿಡಿದದ್ದು ಅಂತ ಗೊತ್ತಾಗುತ್ತದೆ. ಆದರೆ ಅಷ್ಟರಲ್ಲಿ ಭಾನುವಾರ ಕಳೆದಿರುತ್ತದೆ. ನನಗೆ ಕೆಡುಕೆನಿಸುವುದು ಸಣ್ಣ ಕನ್ನಡ ಸಿನಿಮಾಗಳಿಗಾಗಿ. ‘ಚೊಲೋ ಅದ, ನೋಡ್ರಿ’ ಅನ್ನುವ ಮಾತು ಹಬ್ಬಿ ಎರಡನೇ ವಾರ ಜನ ಬರಬೇಕು. ಈಗ ಆ ಮಾತಿನ ಜೊತೆಗೇ ಲಿಂಕೂ ಹೋಗುತ್ತದೆ.

ಕಾನೂನು ಮೆತ್ತಗಿಲ್ಲ. 2023ರ ಸಿನಿಮಾಟೋಗ್ರಾಫ್ ತಿದ್ದುಪಡಿಯಂತೆ ಕದ್ದು ಚಿತ್ರೀಕರಿಸಿದವರಿಗೆ, ಅದನ್ನು ಹರಿಬಿಟ್ಟವರಿಗೆ 3 ತಿಂಗಳಿಂದ 3 ವರ್ಷ ಜೈಲು. ದಂಡ ಕನಿಷ್ಠ 3 ಲಕ್ಷ. ಅದು ಸಿನಿಮಾ ತಯಾರಿಕೆಯ ಖರ್ಚಿನ ಶೇ 5ರವರೆಗೂ ಹೋಗಬಹುದು. ನಮ್ಮ ರಾಜ್ಯದ 1985ರ ಗೂಂಡಾ ಕಾಯ್ದೆಯ ಉದ್ದನೆಯ ಹೆಸರಿನಲ್ಲೇ ಕಳ್ಳಭಟ್ಟಿಯವರ ಜೊತೆ ವಿಡಿಯೋ, ಆಡಿಯೋ ಪೈರಸಿಯವರೂ ಇದ್ದಾರೆ.

ದುಡ್ಡು ಹೋಗಿದ್ದರೆ ಮೊದಲು ಫೋನಿನ ಇಂಟರ್ನೆಟ್ ಬಂದ್ ಮಾಡಿ, ಸಿಮ್ ತೆಗೆಯಿರಿ. ಬೇರೆ ಫೋನಿನಿಂದ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಿ. ತಡ ಮಾಡಿದಷ್ಟೂ ದುಡ್ಡು ಖಾತೆಯಿಂದ ಖಾತೆಗೆ ಓಡುತ್ತದೆ. ಆಮೇಲೆ ಸೈಬರ್ ಅಪರಾಧ ನೋಡುವ ಪೊಲೀಸ್ ಠಾಣೆಗೆ ಹೋಗಿ. ದಯವಿಟ್ಟು ಫೋನ್ ರೀಸೆಟ್ ಮಾಡಿಸಬೇಡಿ. ಆ ಹುಡುಗ ಗೆಳೆಯರ ಮಾತು ಕೇಳಿ ಮೊದಲು ಅದನ್ನೇ ಮಾಡಿಸಿದ್ದ. ಠಾಣೆಯಲ್ಲಿ ಆ ಆ್ಯಪ್ ತೋರಿಸು ಅಂದಾಗ ಅವನ ಕೈಯಲ್ಲಿದ್ದದ್ದು ಹೊಸದರಂತೆ ಖಾಲಿಯಾದ ಫೋನ್.